ತವನಪ್ಪನ ಇನ್ನೊಂದು ಚಪ್ಪಲಿ

“ಇದರ ಜೋಡಿ ಎಲ್ಲೈತ್ರಿ, ಬಾಯಾರ?” ಎಂದು ರಾಜಮತಿ ಕೇಳಿದಳು.

ಪಿಎಸ್‌ಐ ಸೀಮಾ ಕಾಂಬಳೆ ಪ್ಲಾಸ್ಟಿಕ್ ಚೀಲದೊಳಗಿನ ನೀಲಿ ರಬ್ಬರ್ ಚಪ್ಪಲಿಯನ್ನೊಮ್ಮೆ, ಮುದುಕಿಯನ್ನೊಮ್ಮೆ ನೋಡಿದಳು. ಗಂಡನನ್ನು ಮೊನ್ನೆಯಷ್ಟೇ ಕಳೆದುಕೊಂಡ ಹೆಂಗಸು, ಪಾಪ, ತಲೆ ನೆಟ್ಟಗಿಲ್ಲ ಅಂದುಕೊಂಡಳು. ತವನಪ್ಪ ಚೌಗುಲೆಗೆ ಇದ್ದದ್ದು ಒಂದೇ ಕಾಲು. ಇನ್ನೊಂದನ್ನು ಸಕ್ಕರೆ ಕಾಯಿಲೆ ಮೊಣಕಾಲಿನ ಮೇಲಿನವರೆಗೂ ತಿಂದುಹಾಕಿತ್ತು.

ಮಂಗಳವಾರ ಸಂಜೆ ಕರೆಂಟು ಹೋಗಿದ್ದಾಗ ಅಕ್ಕೋಳ ರಸ್ತೆಯ ಈ ಆಸರೆ ಕಾಲೊನಿಯ ಲಿಫ್ಟಿನ ಗುಂಡಿಗೆ ಬಿದ್ದು ಅವನು ಸತ್ತಿದ್ದ, ರಾತ್ರಿ ಹೆಣ ಸಿಕ್ಕಿತ್ತು. ಇದ್ದ ಒಂದು ಕಾಲಿಗೆ ಈ ಒಂದು ಚಪ್ಪಲಿ ಇತ್ತು. ನಡೆಯುತ್ತ ನಡೆಯುತ್ತ ಕಾಲು ಜಾರಿ ಬಿದ್ದಿದ್ದಾನೆ, ಇವತ್ತು ಸಂಜೆಯೊಳಗೆ ಫೈಲು ಮುಚ್ಚು ಅಂತ ಮೇಲಿನವರು ಹೇಳಿಬಿಟ್ಟಿದ್ದರು.

“ಕಾಕೂ,” ಎಂದಳು ಸೀಮಾ ಮೆಲ್ಲಗೆ, “ಕಾಕಾಗ ಒಂದ ಕಾಲಲ್ರಿ? ಇನ್ನೊಂದು ಚಪ್ಪಲಿ ಯಾಕ ಬೇಕಾಗಿತ್ತು?”

“ಕಾಲಿಗೆ ಎಲ್ಲಿ ಹಾಕ್ಕೋತಿದ್ರು? ಕೈಗೆ ಹಾಕ್ಕೋತಿದ್ರು.”

ಸೀಮಾಳ ಬಾಯಲ್ಲಿದ್ದ ಲವಂಗ ನಾಲಿಗೆಯ ಮೇಲೆ ಹಾಗೇ ನಿಂತಿತು. ಈ ಕಟ್ಟಡಕ್ಕೆ ಬಂದಾಗಿನಿಂದ ನಾತ ತಡೆಯಲಾರದೆ ಅವಳು ಲವಂಗ ಜಗಿಯುತ್ತಲೇ ಇದ್ದಳು.

ರಾಜಮತಿ ಎದ್ದು ಬಂದಳು. ಮಾತಿನಲ್ಲಿ ಹೇಳಿದರೆ ಈ ಪೊಲೀಸಿನವಳಿಗೆ ತಿಳಿಯುವುದಿಲ್ಲ ಎಂದುಕೊಂಡಳೋ ಏನೋ, ಹೊರಬಾಗಿಲ ಆಚೆ ಮೆಟ್ಟಿಲ ತುದಿಯಲ್ಲಿ ಕುಳಿತೇಬಿಟ್ಟಳು. ಎರಡೂ ಅಂಗೈಗಳನ್ನು ಪಕ್ಕಕ್ಕೆ ಊರಿ, ಮೈಯನ್ನು ಎತ್ತಿ, ಕೆಳಗಿನ ಮೆಟ್ಟಿಲಿಗೆ ಕುಂಡಿ ಜಾರಿಸಿದಳು. ಮತ್ತೆ ಕೈ ಊರಿದಳು. ಮತ್ತೆ ಜಾರಿದಳು. ಸೀಮಾಳಿಗೆ ನೋಡಲಾಗಲಿಲ್ಲ, ಸಾಕು ಕಾಕೂ, ತಿಳೀತು, ಎಂದು ಅವಳ ರಟ್ಟೆ ಹಿಡಿದು ಎಬ್ಬಿಸಿದಳು.

ಮೂರನೆಯ ಮಹಡಿಯ ಈ ಮನೆಗೆ ಬಂದ ಮೂರು ವರ್ಷವೂ ತವನಪ್ಪ ಹೀಗೇ ಇಳಿದಿದ್ದ, ಹೀಗೇ ಹತ್ತಿದ್ದ. ಮೆಟ್ಟಿಲಿಗೆ ಕಟಕಟೆ ಇಲ್ಲ, ಊರುಗೋಲು ಊರಿದರೆ ಜಾರುತ್ತದೆ. ಬರಿಗೈ ಊರಿ ಊರಿ ಅಂಗೈ ಒಡೆದು ಹುಣ್ಣಾದಾಗ ರಾಜಮತಿ ಪೇಟೆಯಿಂದ ರಬ್ಬರ್ ಚಪ್ಪಲಿ ತಂದುಕೊಟ್ಟಿದ್ದಳು. ಬಾರು ಮುಂಗೈಯನ್ನು ಕೊರೆಯುತ್ತದೆಂದು ತನ್ನ ಹಳೆಯ ಹಸಿರು ಸೀರೆಯ ಅಂಚು ಹರಿದು ಅದಕ್ಕೆ ಸುತ್ತಿ ಹೊಲಿದಿದ್ದಳು, ಉಳಿದ ಸೀರೆ ಇನ್ನೂ ಪೆಟ್ಟಿಗೆಯಲ್ಲಿದೆ ಎಂದಳು. ಬೆಳಿಗ್ಗೆ ಬಸದಿಗೆ ಹೊರಟರೆ ಮುಂದೆ ಅವನು ಕೈಯಲ್ಲಿ ಚಪ್ಪಲಿ ತೊಟ್ಟು ಜಾರುತ್ತ, ಹಿಂದೆ ಅವಳು ಅವನ ಊರುಗೋಲು ಹೊತ್ತು. ಕೆಳಗಿಳಿದ ಮೇಲೆ ಚಪ್ಪಲಿ ಕಳಚಿಟ್ಟು, ನಲ್ಲಿಯಲ್ಲಿ ಕೈ ತೊಳೆದು, ಕೋಲು ಹಿಡಿದು ಬರಿಗಾಲಲ್ಲೇ ಹೋಗುತ್ತಿದ್ದ. ಕಾಲಿಗೆ ಚಪ್ಪಲಿ ಹಾಕಿದ್ದನ್ನು ಅವಳು ಈ ಮನೆಯಲ್ಲಿ ಒಂದು ದಿನವೂ ಕಂಡಿಲ್ಲ.

ಸೀಮಾ ಚೀಲವನ್ನು ಬೆಳಕಿಗೆ ಹಿಡಿದಳು. ಹಿಮ್ಮಡಿಯ ಜಾಗ ಅಂಗಡಿಯಿಂದ ತಂದಂತೆ ಹೊಸದಾಗಿತ್ತು. ಮುಂದಿನ ಅರ್ಧ ಮಾತ್ರ ಹಪ್ಪಳದಂತೆ ಸವೆದಿತ್ತು. ಎರಡು ದಿನದಿಂದ ಈ ಚಪ್ಪಲಿ ಅವಳ ಮೇಜಿನ ಮೇಲಿತ್ತು. ಬಾರಿನ ಹಸಿರು ಬಟ್ಟೆಯನ್ನು ನೋಡಿ ಸಕ್ಕರೆ ಕಾಯಿಲೆಯವನ ಕಾಲಿನ ಹುಣ್ಣಿಗೆ ಸುತ್ತಿದ್ದು ಅಂತ ತಾನೇ ತೀರ್ಮಾನ ಮಾಡಿಕೊಂಡಿದ್ದಳು. ತನ್ನ ಮೇಲೇ ಅವಳಿಗೆ ಹೇಸಿಗೆಯಾಯಿತು.

ಅಂದಮೇಲೆ ಸತ್ತವನ ಕಾಲಿಗೆ ಯಾರೋ ಚಪ್ಪಲಿ ತೊಡಿಸಿದ್ದರು. ನಡೆದು ಹೋಗುವಾಗ ಜಾರಿದ ಅಂತ ತೋರಲಿ ಎಂದು ತೊಡಿಸಿದ್ದರು. ಒಂದು ಕಾಲಿನವನಿಗೆ ಒಂದೇ ಚಪ್ಪಲಿ ಅಂದುಕೊಂಡು ಇನ್ನೊಂದನ್ನು ಹುಡುಕಲೂ ಹೋಗಿರಲಿಲ್ಲ. ತವನಪ್ಪ ಮೆಟ್ಟಿಲಿಳಿಯುವುದನ್ನು ಒಂದು ಸಲ ಕಂಡವನು ಈ ತಪ್ಪು ಮಾಡುತ್ತಿರಲಿಲ್ಲ. ಈ ಕಟ್ಟಡದಲ್ಲಿ ಅದನ್ನು ಕಾಣದವರೇ ಇರಲಿಲ್ಲ.

ಮಂಗಳವಾರ ಯಾರಾದರೂ ಬರುವವರಿದ್ದರೇ ಎಂದು ಸೀಮಾ ಕೇಳಿದಳು. ರಾಜಮತಿ ಅವತ್ತು ಅಕ್ಕೋಳದ ತಂಗಿಯ ಮನೆಗೆ ಹೋಗಿದ್ದಳು. ಹೊರಡುವ ಮುಂಚೆ ಗಂಡ ವಸತಿ ಕಚೇರಿಗೆ ಫೋನು ಹಚ್ಚಿ ಜೋರು ಮಾಡಿದ್ದು ಅವಳ ಕಿವಿಗೆ ಬಿದ್ದಿತ್ತು.

“ನಾ ಹೆಂಗ ಇಳೀತೀನಿ ಒಮ್ಮೆ ಬಂದ ನೋಡ್ರಿ ಅಂದ್ರು. ನೋಡದಿದ್ರ ಪೇಪರಿನವ್ರನ್ನ ಕರೆಸಿ ಅವ್ರಿಗೆ ತೋರಸ್ತೀನಿ, ಕೆಳಗಿನ ಮನ್ಯಾಗ ಏನ ತುಂಬ್ಯಾರಂತ ಅದನ್ನೂ ತೋರಸ್ತೀನಿ ಅಂದ್ರು. ಸಂಜಿಗೆ ಕಚೇರಿಯಿಂದ ಯಾರೋ ಬರ್ತಾರಂತ ಖುಷಿಯಾಗಿದ್ರು ನಮ್ಮವ್ರು.”

ಯಾರೂ ಬಂದಿರಲಿಲ್ಲ ಎಂದು ಕಚೇರಿಯವರು ಹೇಳಿಕೆ ಕೊಟ್ಟಿದ್ದರು.

ಸೀಮಾ ಮೆಟ್ಟಿಲು ಇಳಿಯತೊಡಗಿದಳು. ಒಂದೊಂದು ಮೆಟ್ಟಿಲಲ್ಲೂ ಕಟ್ಟಡದ ನಾತ ಹೆಚ್ಚಾಗುತ್ತ ಬಂತು. ಲಿಫ್ಟ್ ಹಾಕುತ್ತೇವೆಂದು ಗೋಡೆ ಎಬ್ಬಿಸಿ ಬಾವಿಯಂಥ ಜಾಗ ಬಿಟ್ಟಿದ್ದರು. ಲಿಫ್ಟ್ ಬರಲಿಲ್ಲ. ಪ್ರತಿ ಮಹಡಿಯ ಬಾಯಿಗೆ ಒಂದು ಹಲಗೆ ಅಡ್ಡ ಹೊಡೆದು ಕೈ ತೊಳೆದುಕೊಂಡರು. ಜನ ಹಲಗೆಯ ಮೇಲಿಂದ ಕಸ ಎಸೆಯುವುದಕ್ಕೆ ಕಲಿತರು. ಕೊಳೆತ ಬದನೆಕಾಯಿ, ಕೂಸಿನ ಹೊಲಸು, ಮೀನಿನ ಮುಳ್ಳು ಎಲ್ಲ ಅದರೊಳಕ್ಕೇ. ಹುಳ ಕೂಡ ಸಾಯಬಾರದೆಂದು ಕುಡಿಯುವ ನೀರನ್ನು ಬಟ್ಟೆಯಲ್ಲಿ ಸೋಸುತ್ತಿದ್ದ ಮನುಷ್ಯ ಆ ಹೊಲಸಿನ ಮೇಲೆ ಬೋರಲಾಗಿ ಬಿದ್ದಿದ್ದ. ಹೆಣ ಎತ್ತುವಾಗ ಅವನ ಬಾಯೊಳಗೂ ಹುಳ ಹೊಕ್ಕಿದ್ದನ್ನು ಸೀಮಾ ಕಂಡಿದ್ದಳು. ಅನ್ನ ತಿನ್ನುವ ಹೊತ್ತಿಗೆಲ್ಲ ಅದು ಕಣ್ಣಿಗೆ ಕಟ್ಟುತ್ತಿತ್ತು.

ಎರಡನೆಯ ಮಹಡಿಯಲ್ಲಿ ಅವಳು ನಿಂತಳು. ಬೇರೆ ಮಹಡಿಗಳ ಹಲಗೆಗಳು ಮಳೆ ಬಿಸಿಲಿಗೆ ಕಪ್ಪಾಗಿದ್ದವು. ಇಲ್ಲಿಯ ಹಲಗೆ ಹೊಸದು, ಮೊಳೆಯ ತಲೆ ಇನ್ನೂ ಹೊಳೆಯುತ್ತಿತ್ತು. ಮೂರು ವರ್ಷ ಒಂದು ಬಲ್ಬು ಹಾಕದ ಜನಕ್ಕೆ ಈ ಒಂದು ಹಲಗೆಯ ಚಿಂತೆ ಹೆಣ ಬಿದ್ದ ಮೇಲೆ ಯಾಕೆ ಹತ್ತಿತು ಅಂತ ಅವಳು ಬೆರಳಿನಿಂದ ಮೊಳೆ ಸವರಿದಳು.

“ನಿನ್ನೆ ಹೊಡದ್ರು,” ಎಂದಿತು ಎದುರಿನ ಬಾಗಿಲಿನಿಂದ ಒಂದು ಧ್ವನಿ.

ಸುಂದರಾ ಹೊಸ್ತಿಲ ಒಳಗೆ ನೆಲದ ಮೇಲೆ ಕುಳಿತಿದ್ದಳು. ಎರಡು ವರ್ಷದ ಕೂಸಾಗಿದ್ದಾಗ ಪೋಲಿಯೊ ಅವಳ ಎರಡೂ ಕಾಲು ಸೇದಿಬಿಟ್ಟಿತ್ತು. ತಾಯಿ ಸತ್ತ ಮೇಲೆ ಒಬ್ಬಳೇ ಇದ್ದಳು, ಬೀಡಿ ಸುತ್ತಿ ಹೊಟ್ಟೆ ಹೊರೆಯುತ್ತಿದ್ದಳು. ಎಲೆ, ತಂಬಾಕು ಮೇಲಕ್ಕೇ ಬರುತ್ತಿತ್ತು, ಸುತ್ತಿದ ಬೀಡಿ ಕೆಳಗೆ ಹೋಗುತ್ತಿತ್ತು, ಸುಂದರಾ ಮಾತ್ರ ಇದ್ದಲ್ಲೇ ಇರುತ್ತಿದ್ದಳು. ಇವತ್ತು ಅವಳ ಮುಂದೆ ಬೀಡಿಯ ಮೊರ ಇರಲಿಲ್ಲ. ಪಾತ್ರೆ ಪಗಡೆ ಹಳೆಯ ಸೀರೆಯಲ್ಲಿ ಗಂಟು ಕಟ್ಟಿದ್ದವು.

ಗುಂಡಿಯಲ್ಲಿ ಹೆಣ ಸಿಕ್ಕ ರಾತ್ರಿಯೇ ಸೀಮಾ ಇವಳನ್ನು ಮಾತನಾಡಿಸಿದ್ದಳು. ಏನಾದರೂ ಕೇಳಿಸಿತೇ, ಕಂಡಿತೇ ಎಂದಿದ್ದಕ್ಕೆ ಸುಂದರಾ ಮುಚ್ಚುಮರೆ ಇಲ್ಲದೆ ಉತ್ತರಿಸಿದ್ದಳು: ಕೆಳಗಿನ ಮನೆಯ ಕೀಲಿ ನನ್ನ ಕೈಗೆ ಬಂದ ದಿನ ಹೇಳುತ್ತೇನೆ. ಸೀಮಾಳಿಗೆ ಆಗ ಸಿಟ್ಟು ನೆತ್ತಿಗೇರಿತ್ತು. ಸತ್ತವನ ಹೆಸರಿನಲ್ಲಿ ವ್ಯಾಪಾರಕ್ಕೆ ಕುಳಿತಳಲ್ಲ ಎಂದು ಮನಸ್ಸಿನಲ್ಲೇ ಬೈದಿದ್ದಳು. ಆ ಸಿಟ್ಟು ಈಗ ಇಳಿದಿತ್ತು. ಕೇಳಿ ಪಡೆಯಬೇಕಾದದ್ದನ್ನು ಕೇಳಿ ಕೇಳಿ ಸಾಕಾದವಳು ಇನ್ನೇನು ಮಾಡಬೇಕಿತ್ತು?

ಮನೆ ಸಿಕ್ಕಿತೇ ಎಂದು ಸೀಮಾ ಕೇಳಿದಳು. ವಸತಿ ಕಚೇರಿಯ ಸಾಹೇಬರು ನಿನ್ನೆ ಕಾಗದ ಮಾಡಿಸಿಕೊಂಡು ಹೋದರು, ಇವತ್ತು ಕೀಲಿ ಕೊಡುತ್ತಾರಂತೆ, ಎಂದಳು ಸುಂದರಾ. ಮೂರು ವರ್ಷ ಆಗದ್ದು ಒಂದು ದಿನದಲ್ಲಿ ಹೇಗಾಯಿತು ಎಂದರೆ ಅವಳು ನಕ್ಕಳು. ಸಾಹೇಬರಿಗೆ ಅವಳು ಬರೀ ಒಂದು ಮಾತು ಹೇಳಿದ್ದಳಂತೆ. ಮಂಗಳವಾರ ಸಂಜೆ ನಿಮ್ಮ ದನಿ ನನ್ನ ಬಾಗಿಲ ಮುಂದೆ ಕೇಳಿದ ಹಾಗಾಯಿತು ಎಂದಷ್ಟೇ.

“ಮುಂದಿಂದು?” ಎಂದಳು ಸೀಮಾ.

“ಕೀಲಿ ಇನ್ನೂ ಕೈಗೆ ಬಂದಿಲ್ರಿ, ಅಕ್ಕಾರ.”

ಸೀಮಾ ಲವಂಗ ಉಗುಳಿ ಇನ್ನೊಂದು ಬಾಯಿಗೆ ಹಾಕಿಕೊಂಡಳು.

ಕೆಳಗಿನ ಎರಡನೇ ನಂಬರಿನ ಮನೆ ಇಡೀ ಕಟ್ಟಡದಲ್ಲಿ ಮನಸ್ಸಿಟ್ಟು ಕಟ್ಟಿದ ಒಂದೇ ಮನೆಯಾಗಿತ್ತು. ಬಾಗಿಲಿಗೆ ಮೆಟ್ಟಿಲ ಬದಲು ಇಳಿಜಾರು, ಗಾಲಿಕುರ್ಚಿ ಹಾಯುವಷ್ಟು ಅಗಲದ ಬಾಗಿಲು, ಕುಳಿತವರ ಕೈಗೆಟುಕುವ ಒಲೆಕಟ್ಟೆ, ಪಾಯಖಾನೆಯಲ್ಲಿ ಹಿಡಿದುಕೊಳ್ಳಲು ಉಕ್ಕಿನ ಸರಳು. ನಡೆಯಲಾರದವರಿಗೆ, ನಿತ್ಯ ಆಸ್ಪತ್ರೆಗೆ ಹೋಗಬೇಕಾದವರಿಗೆ ಎಂದೇ ಮೀಸಲಿಟ್ಟದ್ದು. ಅದು ಸಂಭಾಜಿ ಎಂಬವನಿಗೆ ಸಿಕ್ಕಿತ್ತು. ಅವನಿಗೆ ಮೊಣಕಾಲು ಬಾಗುವುದಿಲ್ಲವೆಂದು ಡಾಕ್ಟರರ ಕಾಗದವಿತ್ತು.

ಸೀಮಾ ಬರುವಾಗ ಸಂಭಾಜಿ ತನ್ನಷ್ಟೇ ತೂಕದ ತಂಬಾಕಿನ ಚೀಲವನ್ನು ಬೆನ್ನಿಗೇರಿಸಿ, ಮೊಣಕಾಲು ಚೆನ್ನಾಗಿಯೇ ಬಗ್ಗಿಸಿ, ಇಳಿಜಾರಿನಲ್ಲಿ ದುಡುದುಡು ಇಳಿಯುತ್ತಿದ್ದ. ಪೊಲೀಸರನ್ನು ಕಂಡದ್ದೇ ಕುಂಟತೊಡಗಿದ. ಎರಡು ಹೆಜ್ಜೆ ಎಡಗಾಲು ಕುಂಟಿತು, ಆಮೇಲೆ ನೆನಪಾಗಿ ಬಲಗಾಲು ಕುಂಟಿತು. ಬೇರೆ ದಿನವಾಗಿದ್ದರೆ ಸೀಮಾ ನಗುತ್ತಿದ್ದಳು.

ಒಳಗೆ ಕಾಲಿಡುತ್ತಲೇ ಘಾಟು ಮೂಗಿಗೆ ಹೊಡೆದು ಕಣ್ಣಲ್ಲಿ ನೀರು ಬಂತು. ಕೋಣೆಯ ಮಾಡಿನವರೆಗೂ ತಂಬಾಕು ಒಟ್ಟಿತ್ತು. ಪಾಯಖಾನೆಯ ಉಕ್ಕಿನ ಸರಳಿಗೆ ಎಲೆಯ ಕಟ್ಟುಗಳು ನೇತುಬಿದ್ದಿದ್ದವು. ಮೂಲೆಯಲ್ಲಿ ಸರ್ಕಾರ ಕೊಟ್ಟ ಗಾಲಿಕುರ್ಚಿ ಇತ್ತು, ಅದರ ಮೇಲೂ ಒಂದು ಚೀಲ ಆರಾಮಾಗಿ ಕುಳಿತಿತ್ತು. ಮೂರನೆಯ ಮಹಡಿಯಿಂದ ಒಬ್ಬ ಮುದುಕ ಕುಂಡಿ ಸವೆಸುತ್ತ ಇಳಿಯುವಾಗ ಇಲ್ಲಿ ತಂಬಾಕು ಕುರ್ಚಿಯಲ್ಲಿ ಓಡಾಡುತ್ತಿತ್ತು.

ಸಂಭಾಜಿ ಕೇಳುವ ಮೊದಲೇ ಎಲ್ಲ ಒದರಿದ. ಮನೆ ತನ್ನದಲ್ಲ, ತನ್ನ ಹೆಸರಷ್ಟೇ. ಸಾಹೇಬರೇ ಕೊಡಿಸಿದ್ದು, ಇವತ್ತು ಖಾಲಿ ಮಾಡು ಅಂದದ್ದೂ ಅವರೇ, ಮಾಲು ಯಾರದೆಂದು ಅವರನ್ನೇ ಕೇಳಬೇಕು. ಮೇಲಿನ ಹಲಗೆಯನ್ನೂ ಸಾಹೇಬರ ಮಾತಿಗೆ ತಾನೇ ಹೊಡೆದದ್ದು. ಹಳೆಯ ಹಲಗೆ ಎಲ್ಲಿ ಎಂದರೆ ಅದು ಗುಂಡಿಯ ಕಸದಲ್ಲಿ ಮುರಿದು ಬಿದ್ದಿತ್ತು, ನಿನ್ನೆಯೇ ಸುಟ್ಟೆವು ಎಂದ.

“ತವನಪ್ಪ ಕಾಕಾನ್ನ ನೀ ದಿನಾ ನೋಡ್ತಿದ್ದಿ?”

“ನೋಡೂದೇನ್ರಿ, ಕೇಳ್ತಿತ್ತು. ಕೈಯಾಗ ಚಪ್ಪಲ್ ಹಾಕ್ಕೊಂಡ ಟಪ್, ಟಪ್ ಅಂತ ಇಳಿಯಾವ್ರು. ನಮಗ ಅದ ಗಡಿಯಾರ ಆಗಿತ್ತು.”

ಸೀಮಾ ಮನಸ್ಸಿನಲ್ಲಿ ಸಂಭಾಜಿಯ ಹೆಸರಿಗೆ ಗೀಟು ಎಳೆದಳು. ಕಳ್ಳ ಹೌದು. ಆದರೆ ಆ ಚಪ್ಪಲಿಯನ್ನು ಕಾಲಿಗೆ ತೊಡಿಸಿದವನು ಇವನಲ್ಲ.

ಅಷ್ಟರಲ್ಲಿ ಹೊರಗೆ ಬಿಳಿ ಕಾರು ನಿಂತಿತು. ವಸತಿ ಕಚೇರಿಯ ಜ್ಞಾನದೇವ ಇಳಿದ. ಯಾರಿಗೆ ಎಂಥ ಕಾಯಿಲೆ, ಎಂಥ ಊನ, ಅವರಿಗೆ ಯಾವ ಮನೆ ಹೊಂದುತ್ತದೆ ಎಂದು ನೋಡಿ ಹಂಚುವ ಅಧಿಕಾರಿ ಇವನೇ. ಇಸ್ತ್ರಿ ಮಾಡಿದ ಅಂಗಿ, ಹಣೆಗೆ ಗಂಧ, ಕಂಕುಳಲ್ಲಿ ಫೈಲು, ಕೈಯಲ್ಲಿ ಪೇಢೆಯ ಡಬ್ಬಿ. ಜೊತೆಗೆ ಕ್ಯಾಮೆರಾ ಹಿಡಿದ ಒಬ್ಬ. ಸೀಮಾಳನ್ನು ಕಂಡು ಕೈ ಮುಗಿದು, ಒಳ್ಳೆಯ ಹೊತ್ತಿಗೆ ಬಂದಿರಿ ಮೇಡಂ, ಒಂದು ಬಡ ಜೀವಕ್ಕೆ ಮನೆ ಕೊಡುವ ಪುಣ್ಯದ ಕೆಲಸ, ನೀವೂ ಫೋಟೊದಲ್ಲಿ ನಿಲ್ಲಬೇಕು ಎಂದ. ಮೂಗಿಗೆ ಕರವಸ್ತ್ರ ಹಿಡಿದು, ಚೀಲಗಳನ್ನು ಕಾಣದವನಂತೆ, ಕಸ ಗುಡಿಸಿಲ್ಲವೇನೋ ಎಂದು ಸಂಭಾಜಿಗೆ ಗದರಿದ.

ಪೇಢೆ ಬೇಡವೆಂದು ಸೀಮಾ ಲವಂಗ ತೋರಿಸಿದಳು. ತವನಪ್ಪನವರಿಗೆ ಮೂರನೆಯ ಮಹಡಿ ಯಾಕೆ ಕೊಟ್ಟಿರಿ ಎಂದು ಸುಮ್ಮನೆ ಮಾತಿಗೆ ಕೇಳಿದಳು.

ಜ್ಞಾನದೇವ ನಿಟ್ಟುಸಿರು ಬಿಟ್ಟ. ಅವನಿಗೂ ತುಂಬ ನೋವಾಗಿತ್ತಂತೆ. ಆದರೆ ಇದ್ದ ನಾಲ್ಕು ಮನೆಯಲ್ಲಿ ನೂರು ಜನರನ್ನು ಹೊಂದಿಸಬೇಕಲ್ಲ. ಮೆಟ್ಟಿಲು ಹತ್ತಿ ಇಳಿಯುವ ಶಕ್ತಿ ತವನಪ್ಪನಿಗೆ ಇತ್ತಂತೆ. ಅದನ್ನು ಅವನು ಕಚೇರಿಯಲ್ಲಿ ಕುಳಿತು ಬರೆದದ್ದಲ್ಲವಂತೆ.

“ನಾನ ಸ್ವತಃ ಬಂದ ನಿಂತ ನೋಡೇನ್ರಿ, ಮೇಡಂ. ಬಗಲಾಗ ಕೋಲು, ಕಾಲಾಗ ಚಪ್ಪಲಿ, ಗೋಡಿ ಹಿಡಕೊಂಡ ಸಾವಕಾಶ ಇಳೀತಿದ್ರು. ಗಟ್ಟಿ ಮನಷ್ಯಾ. ಒಂದ ಸಲ ಅಲ್ಲ, ಎರಡ ಸಲ ನೋಡೇನಿ.”

ಬಾಗಿಲಲ್ಲಿ ಚೀಲ ಹೊತ್ತು ನಿಂತಿದ್ದ ಸಂಭಾಜಿ ಕೆಮ್ಮಿ ಮುಖ ತಿರುಗಿಸಿಕೊಂಡ. ಮೂರು ವರ್ಷ ಆ ಮನುಷ್ಯ ಬೇಡಿಕೊಂಡದ್ದು ಇಷ್ಟೇ, ಒಂದು ಸಲ ಬಂದು ನೋಡಿ ಅಂತ. ನೋಡದೆಯೇ ನೋಡಿದೆ ಎನ್ನುವ ಈ ನುಣುಪು ಬಾಯಿಯನ್ನು ಕಂಡು ಅವಳಿಗೆ ಗುಂಡಿಯ ನಾತವೇ ಮೇಲು ಅನ್ನಿಸಿತು.

ಸುಂದರಾಳನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ ಇಬ್ಬರು ಹಮಾಲರು ಹೊತ್ತು ತಂದರು. ಹಿಂದೆಯೇ ಅವಳ ಗಂಟು ಬಂತು. ಜ್ಞಾನದೇವ ಅವಳ ಕೊರಳಿಗೆ ಹಾರ ಹಾಕಿದ, ಕೈಗೆ ಕೀಲಿ ಕೊಟ್ಟ, ಕ್ಯಾಮೆರಾ ಮಿಂಚಿತು. ಸುಂದರಾ ಕೀಲಿಯನ್ನು ಮುಷ್ಟಿಯಲ್ಲಿ ಬಿಗಿಹಿಡಿದಳು.

“ಇನ್ನೊಂದು ಸಣ್ಣ ಕಾಣಿಕೆ ಐತಿ,” ಎಂದ ಜ್ಞಾನದೇವ.

ಕಾರಿನಿಂದ ತರಿಸಿದ ಇನ್ನೊಂದು ಡಬ್ಬಿಯಿಂದ ಹೆಂಗಸರ ಹೊಸ ಚಪ್ಪಲಿ ತೆಗೆದು, ಕ್ಯಾಮೆರಾದ ಕಡೆ ಮುಖವಿಟ್ಟು, ಮೊಣಕಾಲೂರಿ ಕುಳಿತ. ಸುಂದರಾಳ ಒಣಗಿದ ಪಾದವನ್ನು ಹಿಡಿದು ಚಪ್ಪಲಿ ತುರುಕಿದ. ಪಾದ ಒಳಕ್ಕೆ ತಿರುಗಿತ್ತು, ಚಪ್ಪಲಿ ಕಳಚಿ ಬಿತ್ತು. ಮತ್ತೆ ತುರುಕಿದ. ಮತ್ತೆ ಬಿತ್ತು. ತಡೆಯೋ, ಈಗ ತೆಗಿಬ್ಯಾಡ, ಎಂದು ಕ್ಯಾಮೆರಾದವನಿಗೆ ಹೇಳಿ, ಬೆರಳುಗಳನ್ನು ಹಿಂಡಿ ಹಿಡಿದು ಮೂರನೆಯ ಸಲ ತುರುಕಿದ. ಸುಂದರಾ ತನ್ನ ಕಾಲನ್ನು ಯಾರದೋ ಕಾಲು ಎಂಬಂತೆ ನೋಡುತ್ತಿದ್ದಳು. ಸೀಮಾಳಿಗೆ ಆ ಕೈಯನ್ನು ಬೂಟಿನಿಂದ ತುಳಿಯಬೇಕೆನ್ನಿಸಿತು. ಮೊನ್ನೆಯೂ ಇದೇ ಕೈ ಹೀಗೇ ಒಂದು ತಣ್ಣಗಾದ ಕಾಲಿಗೆ ಚಪ್ಪಲಿ ತುರುಕಿರಬೇಕು.

ಫೋಟೊ ಮುಗಿಯಿತು. ಬಚ್ಚಲ ಮೋರಿ ನೋಡಿ ಬರುತ್ತೇನೆ ಎಂದು ಸುಂದರಾ ಕುರ್ಚಿಯಿಂದ ನೆಲಕ್ಕೆ ಜಾರಿದಳು. ಕೀಲಿಯನ್ನು ಸೆರಗಿನ ತುದಿಗೆ ಗಂಟು ಹಾಕಿ ಸೊಂಟಕ್ಕೆ ಸಿಕ್ಕಿಸಿಕೊಂಡಳು. ಆಮೇಲೆ ತನ್ನ ಗಂಟು ಬಿಚ್ಚಿ ಎರಡು ಚಪ್ಪಲಿ ಹೊರತೆಗೆದು ಎರಡೂ ಕೈಗೆ ತೊಟ್ಟಳು.

ಬಲಗೈಯದು ಕಂದು ಬಣ್ಣದ ಹಳೆಯ ಚಪ್ಪಲಿ. ಎಡಗೈಯದು ನೀಲಿ. ಅದರ ಬಾರಿಗೆ ಹಸಿರು ಸೀರೆಯ ಅಂಚು ಸುತ್ತಿತ್ತು.

ಸೀಮಾ ಕುಕ್ಕರಗಾಲಿನಲ್ಲಿ ಸುಂದರಾಳ ಎದುರು ಕುಳಿತಳು.

“ಇದ ಎಲ್ಲಿಂದ ಬಂತ್ರಿ?”

ಸುಂದರಾ ಅವಸರ ಮಾಡಲಿಲ್ಲ. ಜ್ಞಾನದೇವನ ಕಡೆ ಮುಖ ಎತ್ತಿ, ತುಂಬ ವಿನಯದಿಂದ ನಕ್ಕಳು. “ಸಾಹೇಬ್ರ ಕೊಟ್ಟದ್ದರಿ,” ಎಂದಳು.

ಜ್ಞಾನದೇವ ಚಪ್ಪಲಿಯನ್ನು ಅರೆಗಣ್ಣಿನಿಂದಲೂ ನೋಡಲಿಲ್ಲ. ಹೊಗಳಿಕೆ ಬಂದರೆ ಬೇಡವೆನ್ನುವ ಅಭ್ಯಾಸ ಅವನಿಗಿರಲಿಲ್ಲ.

“ಹೌದ್ರಿ. ಹಿಂದಿನ ಸಲ ಬಂದಾಗ ನಾನ ಕೊಟ್ಟಿದ್ದೆ. ಪಾಪ, ಕೈ ನೋಯ್ತಾವ ಅಂದಿದ್ರು.”

ಕ್ಯಾಮೆರಾದವನು ಕೇಳಿದ. ಹಮಾಲರು ಕೇಳಿದರು. ಬಾಗಿಲಲ್ಲಿದ್ದ ಸಂಭಾಜಿ ಕೇಳಿ ಬೆನ್ನ ಮೇಲಿನ ಚೀಲವನ್ನು ಕೆಳಗೆ ಬಿಟ್ಟುಬಿಟ್ಟ. ಸೀಮಾ ತನ್ನ ಚೀಲದಿಂದ ಇನ್ನೊಂದು ನೀಲಿ ಚಪ್ಪಲಿ ತೆಗೆದು ಸುಂದರಾಳ ಎಡಗೈಯ ಪಕ್ಕದಲ್ಲಿಟ್ಟಳು. ಅದೇ ಅಳತೆ, ಅದೇ ಸವೆತ, ಅದೇ ಹಸಿರು ಅಂಚು, ಅದೇ ಹೊಲಿಗೆ.

“ಇದು ತವನಪ್ಪ ಕಾಕಾನ ಕಾಲಾಗ ಸಿಕ್ಕದ್ದು, ಸಾಹೇಬ್ರ. ಅವರು ಇದನ್ನ ಕೈಗೆ ಹಾಕ್ಕೋತಿದ್ರು, ಎರಡೂ ಕೈಗೆ. ನೀವು ಎರಡ ಸಲ ನಿಂತ ನೋಡೇನಿ ಅಂದ್ರಿ.”

ಜ್ಞಾನದೇವನ ಹಣೆಯ ಗಂಧದ ಮೇಲೆ ಬೆವರು ಮೂಡಿತು. ಇಂಥ ಚಪ್ಪಲಿ ನಿಪ್ಪಾಣಿಯ ಪ್ರತಿ ಅಂಗಡಿಯಲ್ಲೂ ಇವೆ ಎಂದ. ಸೀಮಾ ಮೇಲಿನ ಮಹಡಿಯ ಕಡೆ ಬೆರಳು ತೋರಿಸಿ, ಈ ಅಂಚಿನ ಸೀರೆ ರಾಜಮತಿ ಕಾಕೂನ ಪೆಟ್ಟಿಗೆಯಲ್ಲಿದೆ, ತರಿಸಲೇ ಎಂದಳು. ಅವನು ಸುಂದರಾಳ ಕಡೆ ಬಾಗಿ ಕೈ ಚಾಚಿದ.

“ಕೀಲಿ ಕೊಡ ಇಲ್ಲೆ.”

ಸುಂದರಾ ಸೆರಗಿನ ಗಂಟನ್ನು ಎಡಗೈಯ ಚಪ್ಪಲಿಯಿಂದ ಒತ್ತಿ ಹಿಡಿದಳು. ಆ ಮನೆಯ ಅಗಲ ಬಾಗಿಲನ್ನು, ಕೈಗೆಟುಕುವ ಒಲೆಕಟ್ಟೆಯನ್ನು ಒಂದು ಸಲ ಸುತ್ತಲೂ ನೋಡಿದಳು. ಆಮೇಲೆ ಸೀಮಾಳನ್ನು ನೋಡಿದಳು.

“ಕೀಲಿ ಬಂತ್ರಿ ಅಕ್ಕಾರ, ಹೇಳ್ತೀನಿ. ಇವರು ಕೊಟ್ಟದ್ದು ಖರೆ, ಆದರ ಕೈಯಾಗ ಕೊಡಲಿಲ್ಲ. ಕಾಕಾ ನನ್ನ ಬಾಗಲ ಮುಂದ ಕುಂತ ಇಳಿಯಾಕತ್ತಿದ್ರು. ಕತ್ತಲಾಗ ಇವರು ಮ್ಯಾಲ ಬಂದ್ರು, ಪೇಪರಿನ ಮಾತ ತೆಗೆದ ಜಗಳಾಡಿದ್ರು, ದಬ್ಬಿದ್ರು. ಹಲಗಿ ಮುರೀತು. ಎರಡೂ ಚಪ್ಪಲ್ ಬಾಗಲಾಗ ಉಳದ್ವು. ಮೊಬೈಲ್ ಬ್ಯಾಟರಿ ಹಚ್ಚಿ ಕಣ್ಣಿಗೆ ಬಿದ್ದ ಒಂದನ್ನ ತಗೊಂಡ ಇಳದ್ರು. ಇದನ್ನ ನಾ ಒಳಗ ಎಳಕೊಂಡೆ.”

ಸೀಮಾ ಎದ್ದು ನಿಂತಳು. ಜೀಪಿನಲ್ಲಿದ್ದ ಪೇದೆಯನ್ನು ಕೂಗಲು ಬಾಯಿ ತೆರೆದಳು. ಆದರೆ ಜ್ಞಾನದೇವ ಓಡಲಿಲ್ಲ. ಕರವಸ್ತ್ರದಿಂದ ಹಣೆ ಒರೆಸಿಕೊಂಡ. ಕಂಕುಳಲ್ಲಿದ್ದ ಫೈಲಿನಿಂದ ಒಂದು ಹಾಳೆ ತೆಗೆದು ಅವಳ ಕೈಗಿತ್ತ. ಅವನ ಮುಖದಿಂದ ಹೋಗಿದ್ದ ನಗು ಮೆಲ್ಲಗೆ ವಾಪಸ್ಸು ಬರುತ್ತಿತ್ತು.

“ಓದ್ರಿ, ಮೇಡಂ. ಮನಸ್ಸಿನ್ಯಾಗ ಓದ್ರಿ.”

ಅದು ಈ ಮನೆ ಸುಂದರಾಳಿಗೆ ಹೊಂದುತ್ತದೆ ಎಂದು ಬರೆದ ಹಾಳೆ, ನಿನ್ನೆಯ ತಾರೀಖಿನದು. ಬರೀ ಕಾಲಿನ ಊನಕ್ಕೆ ಕೆಳಗಿನ ಮನೆ ಸಿಗುವಷ್ಟು ಅಂಕ ಆಗುತ್ತಿರಲಿಲ್ಲ. ಆದ್ದರಿಂದ ಡಾಕ್ಟರರ ಮೊಹರಿನೊಂದಿಗೆ ಇನ್ನೊಂದು ಸಾಲು ಸೇರಿಸಿದ್ದರು: ಅರ್ಜಿದಾರಳು ಹುಟ್ಟಿನಿಂದ ಬುದ್ಧಿಮಾಂದ್ಯಳು, ಇಲ್ಲದ್ದನ್ನು ಕಂಡೆ, ಕೇಳಿದೆ ಎನ್ನುವ ಭ್ರಮೆ ಉಳ್ಳವಳು. ಕೆಳಗೆ ಮರಾಠಿ ಅಕ್ಷರದಲ್ಲಿ ಸುಂದರಾಳ ದುಂಡಗಿನ ಸಹಿ ಇತ್ತು. ಅವಳು ಕಲಿತದ್ದು ಮರಾಠಿ ಶಾಲೆಯಲ್ಲಿ. ಹಾಳೆ ಇದ್ದದ್ದು ಕನ್ನಡದಲ್ಲಿ.

“ಈಕಿ ಮಾತ ಖರೆ ಅಂದ್ರ ಈ ಕಾಗದ ಸುಳ್ಳ ಆಕ್ಕೈತಿ,” ಎಂದ ಜ್ಞಾನದೇವ, ಅವಳಿಗಷ್ಟೇ ಕೇಳುವಂತೆ. “ಕಾಗದ ಸುಳ್ಳ ಅಂದ್ರ ಮನಿ ಹೋತು, ಈಕಿ ಮತ್ತ ಮ್ಯಾಲ. ಕಾಗದ ಖರೆ ಅಂದ್ರ ಕೋರ್ಟಿನ್ಯಾಗ ಈಕಿ ಮಾತ ಯಾರ ಕೇಳ್ತಾರ? ನೀವ ನೋಡ್ರಿ, ಯಾವದ ಹೊಂದತೈತಿ.”

ಹಾಳೆ ಹಿಡಿದ ಸೀಮಾಳ ಬೆರಳಿಗೆ ಏನೋ ಅಂಟಿದ ಹಾಗಾಯಿತು. ಬಾಯಲ್ಲಿದ್ದ ಲವಂಗ ಕಹಿಯಾಗಿತ್ತು.

ಸುಂದರಾ ಎರಡೂ ಕೈ ಊರಿ, ಟಪ್ ಟಪ್ ಎನ್ನುತ್ತ ಅವಳ ಕಾಲ ಬಳಿಗೆ ಬಂದಳು. ಸೆರಗಿನ ಗಂಟಿನಲ್ಲಿ ಕೀಲಿ ನೆಲಕ್ಕೆ ತಾಗಿ ಸದ್ದು ಮಾಡುತ್ತಿತ್ತು. ಮುಖ ಮೇಲೆತ್ತಿ, ಹಾಳೆಯ ಕಡೆ ಗದ್ದ ತೋರಿಸಿದಳು.

“ಮನೀ ಕಾಗದ ಅಂದ್ರು, ಸಹಿ ಮಾಡೇನಿ. ನನ್ನ ಬಗ್ಗೆ ಏನ ಬರದಾರ್ರಿ ಅದರಾಗ, ಅಕ್ಕಾರ? ಜೋರಾಗಿ ಓದಿ ಹೇಳ್ರಿ.”